ಬಾಕ್ಸರ್ ಅಂಕಲ್

ಡಾಕ್ಟರ್ ವಾರಿಜಾಕ್ಷಿಗೆ ಮನುಷ್ಯನ ಮೈ ಎಂದರೆ ಓಡಾಡಿದ ಮನೆಯಷ್ಟು ಪರಿಚಯ. ಯಾವ ಎಲುಬಿನ ಪಕ್ಕದಲ್ಲಿ ಯಾವ ನರ ಹಾದುಹೋಗುತ್ತದೆ, ಯಾವ ಸ್ನಾಯು ಎಲ್ಲಿ ಹುಟ್ಟಿ ಎಲ್ಲಿ ಮುಗಿಯುತ್ತದೆ ಎಂದು ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ಹೇಳಿಯಾಳು. ಮಣಿಪಾಲದಲ್ಲಿ ಕಲಿತು, ಅಲ್ಲೇ ಕೆಲವು ವರ್ಷ ಕಲಿಸಿ, ಆಮೇಲೆ ಗಂಡ ಮಧ್ವರಾಜನಿಗೆ ಮಲೇಷ್ಯಾದಲ್ಲಿ ಲಿಫ್ಟ್ ಕಂಪನಿಯ ಕೆಲಸ ಸಿಕ್ಕಿದಾಗ ಅವನ ಜೊತೆ ಬಂದವಳು. ಇಲ್ಲಿಯ ಒಂದು ಖಾಸಗಿ ಮೆಡಿಕಲ್ ಕಾಲೇಜಿನಲ್ಲಿ ಅನಾಟಮಿ ಪಾಠ ಮಾಡುತ್ತಲೇ ತಲೆಗೂದಲು ಬೆಳ್ಳಗಾಯಿತು. ಅಂಥವಳ ಕಣ್ಣೆದುರಿಗೇ, ಕೊರೋನಾದ ಮೊದಲ ವರ್ಷ, ಗಂಡನ ಮೈ ಇಳಿಯುತ್ತಾ ಹೋಯಿತು. ಅವಳು ನೋಡಲಿಲ್ಲ ಎನ್ನುವ ಹಾಗೂ ಇಲ್ಲ. ವಾರವಾರವೂ ನೋಡಿದಳು, ಮುಟ್ಟಿದಳು, ಪೆನ್ಸಿಲ್ಲಿನಿಂದ ಗೆರೆ ಎಳೆದಳು, ಎಷ್ಟು ಸ್ಪಷ್ಟವಾಗಿದೆ ನೋಡಿ ಎಂದು ಕ್ಲಾಸಿನ ಮಕ್ಕಳಿಗೆ ತೋರಿಸಿದಳು. ಹೇಳಹೊರಟಿರುವುದು ಅದನ್ನೇ.

ಮಾರ್ಚ್ ತಿಂಗಳ ನಡುವೆ ಸರ್ಕಾರ ಎಲ್ಲರೂ ಮನೆಯೊಳಗೇ ಇರಿ ಎಂದಿತು. ಕಾಲೇಜಿನ ಡಿಸೆಕ್ಷನ್ ಹಾಲಿಗೆ ಬೀಗ ಬಿತ್ತು. ಪಾಠವೆಲ್ಲ ಪೆಟಾಲಿಂಗ್ ಜಯಾದ ಅವರ ಫ್ಲ್ಯಾಟಿನ ಸಣ್ಣ ಕೋಣೆಗೆ ಬಂದು ಲ್ಯಾಪ್‌ಟಾಪಿನ ಪರದೆಯ ಮೇಲೆ ಕೂತಿತು. ಅನಾಟಮಿಯನ್ನು ಪರದೆಯಲ್ಲಿ ಕಲಿಸುವುದೆಂದರೆ ಈಜನ್ನು ಜಗಲಿಯ ಮೇಲೆ ಕಲಿಸಿದ ಹಾಗೆ. ಆದರೂ ಕಲಿಸಬೇಕು, ಪರೀಕ್ಷೆ ಮಾಡಬೇಕು, ಮಾಡಿದ್ದನ್ನೆಲ್ಲ ರೆಕಾರ್ಡ್ ಮಾಡಿ ಇಡಬೇಕು. ಅದರ ಮೇಲೆ ಹಾಸ್ಟೆಲಿನಲ್ಲಿ ಸಿಕ್ಕಿಬಿದ್ದ ಮಕ್ಕಳು ಅಳುತ್ತಾ ಫೋನ್ ಮಾಡಿದರೆ ಸಮಾಧಾನ ಹೇಳುವ ಕೆಲಸವನ್ನೂ ಕಾಲೇಜು ಅವಳಿಗೇ ಕಟ್ಟಿತು. ಮೇಡಂ ತಾಯಿಯ ಹಾಗೆ ಮಾತಾಡುತ್ತಾರೆ ಎಂದು ಯಾರೋ ಹೇಳಿದ್ದರಂತೆ. ಹೊಗಳಿಕೆ ಬಂತು ಎಂದರೆ ಹಿಂದೆಯೇ ಕೆಲಸ ಬರುತ್ತದೆ ಎನ್ನುವುದು ಅವಳಿಗೆ ಗೊತ್ತಿರಬೇಕಿತ್ತು.

ಸಂಜೆ ಕೋಣೆಯಿಂದ ಹೊರಗೆ ಬರುವಾಗ ಅವಳಿಗೆ ಮಾತೇ ಬೇಡವಾಗಿರುತ್ತಿತ್ತು. ದಿನವಿಡೀ ಪರದೆಯಲ್ಲಿ ಕಂಡ ಮುಖಗಳು ಸಾಕಾಗಿ ಇನ್ನೊಂದು ಮುಖ ನೋಡುವ ತ್ರಾಣ ಉಳಿದಿರುತ್ತಿರಲಿಲ್ಲ. ಮಧ್ವರಾಜ ಆ ವರ್ಷದ ಆರಂಭದಲ್ಲಷ್ಟೇ ನಿವೃತ್ತನಾಗಿದ್ದ. ಭಾನುವಾರ ಭಾನುವಾರ ಗೆಳೆಯರ ಜೊತೆ ವಾಲಿಬಾಲ್ ಆಡುತ್ತಿದ್ದ ಆಳು. ಅಗಲ ಎದೆ, ಗಟ್ಟಿ ತೋಳು, ಸ್ವಲ್ಪ ಹೊಟ್ಟೆ. ಇನ್ನು ದಿನಾ ಆಡುತ್ತೇನೆ ಎಂದುಕೊಂಡಿದ್ದವನಿಗೆ ಮೈದಾನವೇ ಮುಚ್ಚಿತು. ಸಾಮಾನು ತರಲು ಮನೆಯಿಂದ ಒಬ್ಬರೇ ಹೋಗಬೇಕೆಂಬ ಕಾನೂನಿದ್ದಾಗ ಅವನೇ ಹೋಗುತ್ತಿದ್ದ, ಅವನೇ ಅಡುಗೆ ಮಾಡುತ್ತಿದ್ದ. ಮಧ್ಯಾಹ್ನದ ಊಟದ ಹೊತ್ತಿಗೆ ಅವಳಿಗೆ ಕ್ಲಾಸು. ತಟ್ಟೆಯನ್ನು ಬಾಗಿಲ ಸಂದಿಯಿಂದ ಒಳಗೆ ತಳ್ಳಿ "ನಂದು ಆಯ್ತು, ನೀನು ಉಣ್ಣು" ಎಂದು ಹೋಗಿಬಿಡುತ್ತಿದ್ದ. ನಿಜವಾಗಿ ಆಯಿತೋ ಇಲ್ಲವೋ ಎಂದು ಕೇಳಬೇಕಾದ ಹೆಂಡತಿ ಬಾಗಿಲಿನ ಒಳಗಿದ್ದಳು.

ಪಾಠಕ್ಕೆ ಗ್ರೀಕರ ಶಿಲ್ಪಗಳನ್ನು ತಂದದ್ದು ಅವಳದೇ ಉಪಾಯ. ಚರ್ಮದ ಮೇಲಿನಿಂದಲೇ ಒಳಗೆ ಏನಿದೆ ಎಂದು ಗುರುತಿಸುವುದನ್ನು ಕಲಿಸಬೇಕು. ಹೆಣವಿಲ್ಲ, ಮಾದರಿಗೆ ಮನುಷ್ಯರಿಲ್ಲ. ಮಣಿಪಾಲದಲ್ಲಿದ್ದಾಗಿನಿಂದ ಅವಳಿಗೆ ಆ ಶಿಲ್ಪಗಳ ಹುಚ್ಚು. ಅದರಲ್ಲೂ ಹೆಲೆನಿಸ್ಟಿಕ್ ಕಾಲ ಎನ್ನುತ್ತಾರಲ್ಲ, ಅಲೆಕ್ಸಾಂಡರ್ ಸತ್ತ ಮೇಲಿನ ಮುನ್ನೂರು ವರ್ಷ, ಆ ಕಾಲದ್ದು. ಅದಕ್ಕೂ ಹಿಂದಿನವರು ಕೆತ್ತಿದ ಮೈಗಳು ದೇವರ ಮೈಗಳು, ಬೆವರಿಲ್ಲ, ಸುಕ್ಕಿಲ್ಲ. ಈ ಕಾಲದವರು ಮಾತ್ರ ದಣಿದವರನ್ನು ಕೆತ್ತಿದರು, ಮುದುಕರನ್ನು ಕೆತ್ತಿದರು, ಕುಡಿದು ಕೂತ ಮುದುಕಿಯನ್ನೂ ಬಿಡಲಿಲ್ಲ. ಹಾವುಗಳಿಗೆ ಸಿಕ್ಕಿ ಒದ್ದಾಡುವ ಲಾವೊಕೂನನ ಪಕ್ಕೆಯಲ್ಲಿ ಗರಗಸದ ಹಲ್ಲಿನಂತೆ ಎದ್ದ ಸ್ನಾಯುವನ್ನು ತೋರಿಸಿದರೆ ಯಾವ ಪಠ್ಯಪುಸ್ತಕವೂ ಬೇಕಾಗಿಲ್ಲ ಎಂದು ಅವಳ ವಾದ.

ಎಲ್ಲಕ್ಕಿಂತ ಅವಳಿಗೆ ಪ್ರಿಯವಾದವನು ಕಂಚಿನ ಬಾಕ್ಸರ್. ಪಂದ್ಯ ಮುಗಿಸಿ, ಕೈಗೆ ಸುತ್ತಿದ ಚರ್ಮದ ಪಟ್ಟಿಯನ್ನೂ ಬಿಚ್ಚದೆ ಕೂತಿದ್ದಾನೆ. ಮೂಗು ಮುರಿದಿದೆ, ಕಿವಿ ಊದಿದೆ. ಗಾಯದ ರಕ್ತಕ್ಕೆ ಶಿಲ್ಪಿ ಕೆಂಪು ತಾಮ್ರವನ್ನು ಕೂರಿಸಿದ್ದಾನೆ. ಗಂಡ ಹೆಂಡತಿ ಒಮ್ಮೆ ರೋಮಿಗೆ ಹೋಗಿದ್ದಾಗ ವಾರಿಜಾಕ್ಷಿ ಅದರ ಸುತ್ತ ಪ್ರದಕ್ಷಿಣೆ ಬರುತ್ತಾ ಮುಂಭಾಗ, ಹಿಂಭಾಗ, ಹೆಗಲು, ಕಾಲ್ಬೆರಳು ಎಂದು ಫೋಟೋ ತೆಗೆದೇ ತೆಗೆದಳು. ಮಧ್ವರಾಜ ಕಾಲು ನೋವೆಂದು ಎದುರಿನ ಬೆಂಚಿನಲ್ಲಿ ಕೂತಿದ್ದ. ಅವನ ಒಂದು ಫೋಟೋವೂ ಆ ದಿನದ್ದಿಲ್ಲ.

ಕ್ಲಾಸಿನಲ್ಲಿ ಬಾಕ್ಸರ್‌ನನ್ನು ತೋರಿಸಿದ ಮೊದಲ ದಿನ ಮಕ್ಕಳು ಕಿಸಕ್ಕೆಂದರು, ಯಾಕೆಂದರೆ ಅವನ ಮೈಮೇಲೆ ಬಟ್ಟೆಯಿಲ್ಲ. ಮುಂದಿನ ಕ್ಲಾಸಿಗೆ ವಾರಿಜಾಕ್ಷಿ ತಾನೇ ಒಂದು ಕಪ್ಪು ಚೌಕ ಅಂಟಿಸಿ ಅವನ ಮಾನ ಉಳಿಸಿದಳು. ಆದರೆ ಇನ್ನೊಂದು ದೂರು ಬಂತು. ಕಂಚಿನವನು ಕೈ ಎತ್ತುವುದಿಲ್ಲ, ಉಸಿರು ಎಳೆಯುವುದಿಲ್ಲ. ಸ್ನಾಯು ಅಲ್ಲಾಡದೆ ಗುರುತು ಹತ್ತುವುದು ಹೇಗೆ ಡಾಕ್ಟರ್ ಎಂದು ಮಕ್ಕಳು ಕೇಳಿದರು. ಅವಳು ಬಾಗಿಲು ತೆರೆದು ಹೊರಗೆ ನೋಡಿದಳು. ಲುಂಗಿ ಉಟ್ಟು, ಬರಿಮೈಯಲ್ಲಿ ಬೀನ್ಸ್ ಹೆಚ್ಚುತ್ತಾ ಮಧ್ವರಾಜ ಕೂತಿದ್ದ.

"ಎಂತ ಮಾರಾಯ್ತಿ, ಈ ಪ್ರಾಯದಲ್ಲಿ ನಾನು ಹುಡುಗ್ರ ಎದುರು ಮೈ ತೋರಿಸ್ಬೇಕಾ?" ಎಂದ ಅವನು.

"ಹಾಗೇ ಕೂತ್ರೆ ಸಾಕು. ನೀವು ಮನೆಯಲ್ಲಿ ಶರ್ಟ್ ಹಾಕಿದ್ದು ಯಾವಾಗ ಉಂಟು ಹೇಳಿ?"

"ಕೂರ್ತೇನೆ. ಮುಖ ಮಾತ್ರ ತೋರಿಸ್ಲಿಕ್ಕಿಲ್ಲ. ನಾಳೆ ಮಮಾಕ್ ಅಂಗಡಿಯಲ್ಲಿ ಚಹಾ ತಪಾವ್ ಅಂತ ಕಟ್ಟಿಸ್ಕೊಳ್ಳುವಾಗ ನಿನ್ನ ಸ್ಟೂಡೆಂಟ್ ಯಾರಾದ್ರೂ ಸಿಕ್ಕಿ ಗುಡ್ ಮಾರ್ನಿಂಗ್ ಅಂದ್ರೆ ನಾನು ಎಲ್ಲಿ ಹೋಗಿ ಅಡಗ್ಲಿ?"

ಹಾಗಾಗಿ ಕೊರಳಿನಿಂದ ಕೆಳಗಷ್ಟೇ ಕಾಣುವ ಹಾಗೆ ಕ್ಯಾಮೆರಾವನ್ನು ಇಟ್ಟಳು. ಬುಧವಾರದ ಮಧ್ಯಾಹ್ನದ ಕ್ಲಾಸಿಗೆ ಸ್ಟೂಲಿನ ಮೇಲೆ ಮಧ್ವರಾಜ ತಲೆಯಿಲ್ಲದ ಶಿಲ್ಪವಾಗಿ ಕೂತ. ಪರದೆಯ ಒಂದು ಬದಿಯಲ್ಲಿ ಕಂಚಿನವನು, ಇನ್ನೊಂದು ಬದಿಯಲ್ಲಿ ಉಡುಪಿಯವನು. ಮೊಣಕೈಗಳನ್ನು ತೊಡೆಗೆ ಊರಿ, ಬೆನ್ನು ಬಗ್ಗಿಸಿ, ಹೆಗಲು ಇಳಿಬಿಟ್ಟು. ವಾರಿಜಾಕ್ಷಿ ಐಬ್ರೋ ಪೆನ್ಸಿಲ್ ಹಿಡಿದು ಅವನ ಕಾಲರ್ ಎಲುಬಿನ ಉದ್ದಕ್ಕೆ ಗೆರೆ ಎಳೆಯುವಳು, ಅದರ ಮೇಲಿನ ಗುಳಿಗೆ ತ್ರಿಕೋನ ಬರೆಯುವಳು, ಪಕ್ಕೆಲುಬುಗಳನ್ನು ಬೆರಳಿನಿಂದ ಎಣಿಸಿ ತೋರಿಸುವಳು. "ಕೈ ಎತ್ತಿ. ಉಸಿರು ಎಳೀರಿ. ಬಿಡಿ. ಸೊಂಟದಿಂದ ಬಗ್ಗುದಲ್ಲ ಮಾರಾಯ್ರೆ, ಹೆಗಲಿಂದ." ಪಾಪದವನು ಹೇಳಿದ ಹಾಗೆ ಕೇಳುತ್ತಿದ್ದ. ಮಕ್ಕಳಿಗೆ ಖುಷಿಯೋ ಖುಷಿ. ಚೈನೀಸ್, ಮಲಯ್, ತಮಿಳು, ಕನ್ನಡ ಎನ್ನದೆ ಎಲ್ಲರ ಬಾಯಲ್ಲೂ ಅವನು ಬಾಕ್ಸರ್ ಅಂಕಲ್ ಆದ. ಕ್ಲಾಸು ಮುಗಿದಾಗ ಥ್ಯಾಂಕ್ಯೂ ಬಾಕ್ಸರ್ ಅಂಕಲ್ ಎಂದು ಒಟ್ಟಾಗಿ ಕೂಗಿದರೆ ತಲೆಯಿಲ್ಲದ ಮಧ್ವರಾಜ ಎದೆಯ ಹತ್ತಿರ ಕೈ ಮುಗಿಯುತ್ತಿದ್ದ.

ಒಮ್ಮೆ ಗೆರೆಗಳನ್ನು ಒದ್ದೆ ಬಟ್ಟೆಯಲ್ಲಿ ಒರೆಸಿಕೊಳ್ಳುತ್ತಾ ಪರದೆಯ ಮೇಲಿನ ಕಂಚಿನವನನ್ನು ನೋಡಿ ಕೇಳಿದ: "ಈ ಜನ ಗೆದ್ದದ್ದಾ, ಸೋತದ್ದಾ?"

"ಯಾರಿಗೂ ಸರಿಯಾಗಿ ಗೊತ್ತಿಲ್ಲ."

"ಇಷ್ಟು ಸುಸ್ತಾದ ಮೇಲೆ ಎರಡೂ ಒಂದೇ ಬಿಡು" ಎಂದು ಎದ್ದು ಅಡುಗೆಮನೆಗೆ ಹೋದ. ವಾರಿಜಾಕ್ಷಿ ಮುಂದಿನ ಮೀಟಿಂಗಿಗೆ ಆಗಲೇ ಇಯರ್‌ಫೋನ್ ಸಿಕ್ಕಿಸಿಕೊಂಡಿದ್ದಳು.

ಜೂನ್ ಕಳೆಯುವಾಗ ಅವನ ಹೊಟ್ಟೆ ಇಳಿದಿತ್ತು. "ಹೊಟ್ಟೆ ಕರಗಿತಲ್ಲ, ಒಳ್ಳೆದಾಯ್ತು" ಎಂದು ಅವಳೇ ಮೆಚ್ಚಿದಳು. ನೀವು ಹೊರಗಿನ ಎಣ್ಣೆತಿಂಡಿ ಬಿಟ್ಟದ್ದರ ಪುಣ್ಯ ಎಂದೂ ಸೇರಿಸಿದಳು. ಜುಲೈ ಆಗಸ್ಟಿನಲ್ಲಿ ಪಕ್ಕೆಯ ಗರಗಸದ ಹಲ್ಲುಗಳು ಒಂದೊಂದಾಗಿ ಮೇಲೆದ್ದವು. ಕ್ಲಾಸಿನಲ್ಲಿ ಅವಳ ದನಿಗೇ ಒಂದು ಹುರುಪು ಬಂತು. ನೋಡಿ, ಮೊದಲ ವಾರಗಳಲ್ಲಿ ಇದು ಕಾಣುತ್ತಿರಲಿಲ್ಲ, ಈಗ ಲಾವೊಕೂನನ ಪಕ್ಕೆಗೆ ಸರಿಸಾಟಿ ಎಂದಳು. ಪೆನ್ಸಿಲ್ ಬೇಕಾಗುವುದೇ ಕಡಿಮೆಯಾಯಿತು. ಕೊಬ್ಬಿನ ಪದರ ಸರಿದರೆ ಎಲ್ಲವೂ ತಾನಾಗಿ ಬರೆದ ಹಾಗೆ ಕಾಣುತ್ತದಲ್ಲ! ಪಾಠ ಕಲಿಸುವವರಿಗೆ ಒಳ್ಳೆಯ ಮಾದರಿ ಸಿಕ್ಕರೆ ಲೋಕವೇ ಮರೆತುಹೋಗುತ್ತದೆ. ಅವಳನ್ನು ಬೈಯಬೇಕು ಎನಿಸುತ್ತದೆ, ಆದರೆ ಅವಳ ದಿನಗಳನ್ನು ನೋಡಿದವರಿಗೆ ಬೈಯಲು ಬಾಯಿ ಬಾರದು. ಆ ಒಂದು ಗಂಟೆ ಬಿಟ್ಟರೆ ಅವಳಿಗೆ ಆ ವಾರದಲ್ಲಿ ಸಂತೋಷ ಎನ್ನುವುದೇ ಇರುತ್ತಿರಲಿಲ್ಲ.

ಮಗಳು ಶ್ರೀಯಾ ಬೇರೆ ರಾಜ್ಯದ ಬಯಾನ್ ಲೆಪಾಸಿನ ಚಿಪ್ ಫ್ಯಾಕ್ಟರಿಯಲ್ಲಿ ಎಂಜಿನಿಯರ್. ಮೊದಮೊದಲು ಒಂದು ರಾಜ್ಯದಿಂದ ಇನ್ನೊಂದಕ್ಕೆ ಹೋಗಲು ಪೊಲೀಸರ ಅಪ್ಪಣೆ ಬೇಕಿತ್ತು, ಅದು ಸಡಿಲವಾದಾಗ ಫ್ಯಾಕ್ಟರಿಯಲ್ಲಿ ರಜೆ ಸಿಗಲಿಲ್ಲ. ಅವಳು ಬಾರದೆ ತಿಂಗಳುಗಳಾಗಿದ್ದವು. ಭಾನುವಾರ ವಿಡಿಯೋದಲ್ಲಿ ಸಿಗುತ್ತಿದ್ದಳು. ಕನ್ನಡ ಅರ್ಥವಾದರೂ ಉತ್ತರ ಇಂಗ್ಲಿಷಿನಲ್ಲೇ. "ಅಪ್ಪಾ, ಯೂ ಲುಕ್ ಸೋ ಟೈರ್ಡ್ ಲಾ" ಎಂದಳು ಒಂದು ದಿನ.

"ಟೈರ್ಡ್ ಎಂತದ್ದು, ಈ ಫೋನಿನ ಲೈಟೇ ಹಾಗೆ" ಎಂದು ಮಧ್ವರಾಜ ಫೋನನ್ನು ಹೆಂಡತಿಯ ಕಡೆ ತಿರುಗಿಸಿದ. ಮಗಳಿಗೆ ಮುಖ ಮಾತ್ರ ಕಾಣುತ್ತಿತ್ತು, ಹೆಂಡತಿ ಮೈ ಮಾತ್ರ ನೋಡುತ್ತಿದ್ದಳು. ಎರಡನ್ನೂ ಸೇರಿಸಿ ನೋಡುವವರು ಆ ಮನೆಯಲ್ಲಿ ಯಾರೂ ಇರಲಿಲ್ಲ.

ಅವನು ಬಾಯಿ ಬಿಡಲೇ ಇಲ್ಲ ಎಂದೂ ಅಲ್ಲ. ಸೆಪ್ಟೆಂಬರಿನಲ್ಲಿ ಒಂದು ಸಂಜೆ ಅವಳು ಸೋಫಾದಲ್ಲಿ ಕಣ್ಣುಮುಚ್ಚಿ ಒರಗಿದ್ದಾಗ ಪಕ್ಕದಲ್ಲಿ ಬಂದು ಕೂತ.

"ಊಟ ಸೇರುದಿಲ್ಲ ವಾರಿಜ. ಎರಡು ತುತ್ತಿಗೇ ಹೊಟ್ಟೆ ತುಂಬಿದ ಹಾಗೆ ಆಗ್ತದೆ."

"ಕೂತಲ್ಲೇ ಕೂತ್ರೆ ಹಸಿವು ಎಲ್ಲಿಂದ ಬರ್ಬೇಕು? ನನಗೂ ಹಾಗೇ" ಎಂದಳು, ಕಣ್ಣು ತೆರೆಯದೆ.

ಇದೇ ಮಾತನ್ನು ಯಾರೋ ರೋಗಿ ಬಂದು ಹೇಳಿದ್ದರೆ ಅವಳು ನೆಟ್ಟಗೆ ಕೂತು ಹತ್ತು ಪ್ರಶ್ನೆ ಕೇಳುತ್ತಿದ್ದಳು. ಹೇಳಿದವನು ಗಂಡ, ಅದಕ್ಕೇ ಹೆಂಡತಿಯಾಗಿ ಉತ್ತರ ಕೊಟ್ಟಳು. ಅವನಾದರೋ ಅದನ್ನು ಡಾಕ್ಟರ ಮಾತೆಂದು ತೆಗೆದುಕೊಂಡು, ಹೌದು ಹೌದು ಎಂದು ತಲೆದೂಗಿ, ಎದ್ದು ಸಂಜೆಯ ಕಾಫಿಗೆ ನೀರಿಟ್ಟ.

ಅಕ್ಟೋಬರಿನಲ್ಲಿ ಕಾಯಿಲೆ ಮತ್ತೆ ಏರಿತು, ಸಡಿಲವಾಗಿದ್ದ ಕಟ್ಟುಗಳು ಮತ್ತೆ ಬಿಗಿಯಾದವು. ನವೆಂಬರಿಗೆ ಪಾಠದ ಆ ಭಾಗ ಮುಗಿಯಬೇಕಿತ್ತು. ಕೊನೆಯ ಕೆಲಸವೆಂದು ವಾರಿಜಾಕ್ಷಿ ಮಕ್ಕಳಿಗೆ ಹೇಳಿದ್ದು ಇಷ್ಟು: ಹೆಲೆನಿಸ್ಟಿಕ್ ಕಾಲದ ಒಂದು ಶಿಲ್ಪವನ್ನು ಆರಿಸಿಕೊಳ್ಳಿ, ಹೆಸರು ಇತಿಹಾಸ ಎಲ್ಲ ಬಿಡಿ, ಆ ಮನುಷ್ಯ ನಿಮ್ಮ ಕ್ಲಿನಿಕ್ಕಿಗೆ ಬಂದಿದ್ದಾನೆ ಎಂದುಕೊಂಡು ಮೈಯನ್ನು ಓದಿ. ವಯಸ್ಸೆಷ್ಟು, ಕಸುಬೇನು, ಆರೋಗ್ಯ ಹೇಗಿದೆ.

ಗದಗಿನ ಕಡೆಯ ನವ್ಯಾ ಎಂಬ ಹುಡುಗಿ ಆರಿಸಿಕೊಂಡದ್ದು ಮುದಿ ಬೆಸ್ತನನ್ನು. ಕಪ್ಪು ಕಲ್ಲಿನ ಆ ಶಿಲ್ಪ ಈಗ ಪ್ಯಾರಿಸಿನಲ್ಲಿದೆ. ಮುಂದಕ್ಕೆ ಬಗ್ಗಿದ ಮುದುಕ. ಜೋಲುವ ಚರ್ಮ, ಎಣಿಸಬಹುದಾದ ಪಕ್ಕೆಲುಬು, ತೋಳಿನ ಮೇಲೆ ಉಬ್ಬಿದ ನರಗಳು, ಕಾಲರ್ ಎಲುಬಿನ ಮೇಲೆ ನೀರು ನಿಲ್ಲುವಷ್ಟು ಗುಳಿ. ಬಲ್ಲವರೆಲ್ಲ ಇವನನ್ನು ಸ್ನಾನದ ತೊಟ್ಟಿಯಲ್ಲಿ ಸಾಯುತ್ತಿರುವ ತತ್ತ್ವಜ್ಞಾನಿ ಎಂದೇ ಬಹಳ ಕಾಲ ನಂಬಿದ್ದರು, ಅದಕ್ಕೆ ತಕ್ಕ ತೊಟ್ಟಿಯೊಂದರಲ್ಲಿ ನಿಲ್ಲಿಸಿಯೂ ಇದ್ದರು; ಆಮೇಲೆ ಬೇರೆ ಶಿಲ್ಪಗಳ ಜೊತೆ ಹೋಲಿಸಿದ ಮೇಲಷ್ಟೇ ಬರಿಯ ಬೆಸ್ತ ಎಂದು ತಿಳಿಯಿತು ಎಂದು ನವ್ಯಾ ಇಂಗ್ಲಿಷಿನಲ್ಲಿ ವಿವರಿಸಿದಳು. ಚುರುಕು ಹುಡುಗಿ. ವಾರಿಜಾಕ್ಷಿ ಮೆಚ್ಚಿ ತಲೆದೂಗುತ್ತಾ ಕೇಳುತ್ತಿದ್ದಳು.

ಆಮೇಲೆ ನವ್ಯಾ ಇನ್ನೊಂದು ಪುಟ ತೆರೆದಳು. ರೆಕಾರ್ಡ್ ಮಾಡಿಟ್ಟ ಬುಧವಾರದ ಕ್ಲಾಸುಗಳಿಂದ ತೆಗೆದ ಮೂರು ಚಿತ್ರ ಸಾಲಾಗಿ ಬಂದವು. ಏಪ್ರಿಲಿನ ಮಧ್ವರಾಜ, ಆಗಸ್ಟಿನ ಮಧ್ವರಾಜ, ಕಳೆದ ವಾರದ ಮಧ್ವರಾಜ. ಅದೇ ಸ್ಟೂಲು, ಅದೇ ಕೂರುವ ಭಂಗಿ. ಮೊದಲನೆಯವನ ಪಕ್ಕದಲ್ಲಿ ಅವಳು ಬಾಕ್ಸರ್‌ನನ್ನು ಇಟ್ಟಿದ್ದಳು. ಕೊನೆಯವನ ಪಕ್ಕದಲ್ಲಿ ಬೆಸ್ತನನ್ನು ಇಟ್ಟಿದ್ದಳು. ಹೆಗಲಿಗೆ ಹೆಗಲು, ಗುಳಿಗೆ ಗುಳಿ ತಾಳೆಯಾಗುತ್ತಿತ್ತು. ಹುರುಪಿನಲ್ಲಿ ಹುಡುಗಿಗೆ ಇಂಗ್ಲಿಷು ಮರೆತುಹೋಯಿತು.

"ಮೇಡಂ, ಇದನ್ನ ನೀವು ಬೇಕಂತಲೇ ಮಾಡೀರಿ, ಹೌದಲ್ರೀ? ಒಬ್ಬರದೇ ಮೈಯಾಗ ಹೆಂಗ ಇಳಿತದ ಅಂತ ನಮಗ ತೋರಸ್ಲಿಕ್ಕೆ ಅಂಕಲ್ ಅವರಿಗೆ ಡಯಟ್ ಮಾಡ್ಸಿರಿ, ಅಲ್ರೀ? ನಾ ಮೊನ್ನೆ ರೆಕಾರ್ಡಿಂಗ್ ನೋಡಿದಾಗ ತಿಳೀತು ನೋಡ್ರಿ!"

ಉಳಿದ ಮಕ್ಕಳಿಗೆ ಕನ್ನಡ ತಿಳಿಯಲಿಲ್ಲ. "ವಾಟ್ ಲಾ, ವಾಟ್ ಡಿಡ್ ಶೀ ಸೇ?" ಎಂದು ಯಾರೋ ಕೇಳಿದರು. ವಾರಿಜಾಕ್ಷಿ ಮೂರನೆಯ ಚಿತ್ರವನ್ನೇ ನೋಡುತ್ತಿದ್ದಳು. ಇದು ಯಾವುದೋ ರೋಗಿಯ ಮೈ ಎಂದು ಒಂದು ಕ್ಷಣ ಅನಿಸಿತು, ಇವನನ್ನು ಯಾಕೆ ಇಲ್ಲಿಯವರೆಗೆ ಯಾರೂ ಆಸ್ಪತ್ರೆಗೆ ಕರೆತರಲಿಲ್ಲ ಎಂದು ಸಿಟ್ಟೂ ಬಂತು. ಆಮೇಲೆ ಎದೆಯ ಮೇಲಿನ ಪೆನ್ಸಿಲ್ ಗೆರೆಗಳು ಕಂಡವು. ತನ್ನ ಕೈಯವೇ.

"ಯೆಸ್," ಎಂದಳು ಕ್ಲಾಸಿಗೆ. "ಇಟ್ ವಾಸ್ ಪ್ಲಾನ್ಡ್. ವೆರಿ ಗುಡ್, ನವ್ಯಾ."

ಸುಳ್ಳು ಹೇಳಿದ್ದು ಯಾಕೆಂದು ಅವಳಿಗೂ ಹೇಳಲಾಗದು. ಮಕ್ಕಳ ಮುಂದೆ ಕುರುಡಿಯಾಗಿ ಕಾಣುವುದಕ್ಕಿಂತ ಕಟುಕಿಯಾಗಿ ಕಾಣುವುದೇ ಆಗ ಸುಲಭ ಅನಿಸಿರಬೇಕು. ತಲೆನೋವೆಂದು ಕ್ಲಾಸು ಮುಗಿಸಿ ಕೋಣೆಯಿಂದ ಹೊರಗೆ ಬಂದಳು. ಮಧ್ವರಾಜ ಬಾಲ್ಕನಿಯಲ್ಲಿ ಬಟ್ಟೆ ಒಣಗಿಸುತ್ತಿದ್ದ. ಎದುರು ಹೋಗಿ ನಿಂತು ಅವನ ಮುಖ ನೋಡಿದಳು. ಕೆನ್ನೆ ಒಳಗೆ ಹೋಗಿತ್ತು, ಕಣ್ಣಿನ ರೆಪ್ಪೆಯೊಳಗೆ ರಕ್ತವಿರಲಿಲ್ಲ. ಎಡಗಡೆಯ ಕಾಲರ್ ಎಲುಬಿನ ಮೇಲೆ, ತಾನು ವಾರವಾರವೂ ತ್ರಿಕೋನ ಬರೆಯುತ್ತಿದ್ದ ಗುಳಿಗೆ ಬೆರಳು ಇಳಿಸಿದಳು. ಹುರುಳಿಕಾಳಿನಷ್ಟು ದೊಡ್ಡ, ಕಲ್ಲಿನಷ್ಟು ಗಟ್ಟಿ ಗಂಟೊಂದು ಬೆರಳಿಗೆ ಸಿಕ್ಕಿತು. ಆ ಜಾಗದ ಆ ಗಂಟು ಏನು ಹೇಳುತ್ತದೆಂದು ಅವಳು ಪ್ರತಿವರ್ಷ ಮಕ್ಕಳಿಗೆ ಹೇಳಿಕೊಡುತ್ತಿದ್ದಳು. ಹೊಟ್ಟೆಯೊಳಗಿನ ಗಡ್ಡೆ ತಡವಾಗಿ ಮೇಲೆ ಕಳಿಸುವ ಸುದ್ದಿ ಅದು.

"ಎಂತಾಯ್ತು? ಇವತ್ತು ಬುಧವಾರ ಅಲ್ವಲ್ಲ" ಎಂದ ಮಧ್ವರಾಜ, ಕ್ಲಿಪ್ಪು ಬಾಯಲ್ಲಿ ಕಚ್ಚಿಕೊಂಡು.

ಮುಂದಿನದನ್ನು ಬೇಗ ಹೇಳಿ ಮುಗಿಸಬಹುದು. ಜಠರದ ಕ್ಯಾನ್ಸರ್, ಯಕೃತ್ತಿಗೂ ಹರಡಿತ್ತು. ಕೊಯ್ಯುವ ಹಂತ ದಾಟಿದೆ ಎಂದರು. ಒಂದೆರಡು ಸುತ್ತು ಔಷಧಿ ಕೊಟ್ಟರು, ಅದನ್ನು ಅವನ ಮೈ ತಡೆಯಲಿಲ್ಲ. ದಾರಿ ತೆರೆದ ಡಿಸೆಂಬರಿನಲ್ಲಿ ಶ್ರೀಯಾ ಬಂದು ಬಾಗಿಲಲ್ಲೇ ಅತ್ತಳು. ಮಾರ್ಚಿನಲ್ಲಿ ಅವನು ಹೋದ. ಸ್ಮಶಾನಕ್ಕೆ ಇಷ್ಟೇ ಜನ ಎಂಬ ನಿಯಮವಿತ್ತು. ವಾಲಿಬಾಲಿನ ಗೆಳೆಯರು ಗೇಟಿನ ಹೊರಗೆ ಕಾರುಗಳಲ್ಲಿ ಕೂತಿದ್ದರು. ವಾರಿಜಾಕ್ಷಿ ಹದಿಮೂರು ದಿನ ರಜೆ ಹಾಕಿ ಮತ್ತೆ ಪಾಠಕ್ಕೆ ಕೂತಳು, ಈಗಲೂ ಕೂರುತ್ತಾಳೆ. ಶಿಲ್ಪಗಳನ್ನು ತೋರಿಸುವುದನ್ನು ಬಿಟ್ಟಿದ್ದಾಳೆ. ಮಕ್ಕಳು ಕೇಳಿದರೆ ಪುಸ್ತಕದ ಚಿತ್ರ ಸಾಕು ಎನ್ನುತ್ತಾಳೆ. ಯಾವುದಾದರೂ ಮನೆಗೆ ಊಟಕ್ಕೆ ಹೋದರೆ ಎದುರು ಕೂತವರ ಮುಖವನ್ನು ಅವರಿಗೆ ಮುಜುಗರವಾಗುವಷ್ಟು ಹೊತ್ತು ನೋಡುತ್ತಾಳೆ.

ಸಾವು ಅವಳು ಕಾಣದ್ದೇನೂ ಅಲ್ಲ. ಅವಳನ್ನು ಬಿಡದೆ ಕಾಡುವುದು ಗಂಟು ಸಿಕ್ಕಿದ ಆ ಮಧ್ಯಾಹ್ನ ಕಾರಿನಲ್ಲಿ ಅವನು ಆಡಿದ ಮಾತು. ಆಸ್ಪತ್ರೆಯ ಗೇಟಿನಲ್ಲಿ ಜ್ವರ ನೋಡುವ ಸಾಲು ಉದ್ದವಿತ್ತು. ರೋಗಿ ಒಬ್ಬರೇ ಒಳಗೆ ಹೋಗಬೇಕು, ಜೊತೆಯವರು ಹೊರಗೆ ಎಂದು ಕಾವಲಿನವನು ಮೊದಲೇ ಹೇಳಿದ್ದ. ಕಾರು ಒಂದೊಂದೇ ಗೇಣು ಮುಂದೆ ಉರುಳುತ್ತಿತ್ತು. ವಾರಿಜಾಕ್ಷಿಗೆ ಅಳು, ಸಿಟ್ಟು, ಹೆದರಿಕೆ ಎಲ್ಲ ಒಟ್ಟಿಗೆ ಬಂತು.

"ಇಷ್ಟು ತಿಂಗಳಿಂದ ಹೊಟ್ಟೆಗೆ ಸೇರುದಿಲ್ಲ, ಸುಸ್ತು, ಮೈ ಇಳೀತಾ ಉಂಟು. ನೀವು ಒಂದು ಡಾಕ್ಟ್ರ ಹತ್ರ ಹೋಗ್ಬಾರ್ದಿತ್ತಾ? ನಿಮಗೆ ಹೆದ್ರಿಕೆ ಆಗ್ಲಿಲ್ವಾ?"

ಮಧ್ವರಾಜ ಮಾಸ್ಕನ್ನು ಮೂಗಿನಿಂದ ಸ್ವಲ್ಪ ಇಳಿಸಿ ಉಸಿರು ಎಳೆದುಕೊಂಡ.

"ಹೆದ್ರಿಕೆ ಶುರುವಲ್ಲಿ ಇತ್ತು. ಆಮೇಲೆ ಎಣಿಸಿದೆ, ನೀನು ಬುಧವಾರ ಬುಧವಾರ ಪೂರ್ತಿ ಮೈ ನೋಡ್ತಿಯಲ್ಲ. ಒಂದೊಂದು ಎಲುಬು ಮುಟ್ಟಿ ನೋಡ್ತಿ. ಎಂತಾದ್ರೂ ಇದ್ದಿದ್ರೆ ನೀನೇ ಹೇಳ್ತಿದ್ದಿ. ನೀನು ಚಂದ ಕಾಣ್ತದೆ ಅಂತ ಹೇಳುವಾಗೆಲ್ಲ, ಸದ್ಯ ಎಂತದ್ದೂ ಇಲ್ಲ ಅಂತ ಧೈರ್ಯ ಆಗ್ತಿತ್ತು."

ಹೇಳಿ, ಮಾಸ್ಕು ಸರಿಮಾಡಿಕೊಂಡು, ಬಾಗಿಲು ತೆಗೆದು ಇಳಿದ. ಅವನ ದನಿಯಲ್ಲಿ ದೂರು ಇರಲಿಲ್ಲ. ಒಂದಿಷ್ಟು ಇದ್ದಿದ್ದರೆ ವಾರಿಜಾಕ್ಷಿ ಜಗಳವಾಡಿಯಾದರೂ ಹಗುರಾಗುತ್ತಿದ್ದಳು.